ಓಣಿಗೊಂದು ಮಾತು

ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ. ಮೊದಲ ಕೆಲಸ ನೆನಪಾದಾಗಲೆಲ್ಲ ಆ ಸಿಟ್ಟು ಮೊದಲು ಬಂದು ಕೂರುತ್ತದೆ, ಉಳಿದದ್ದು ಆಮೇಲೆ ಬರುತ್ತದೆ. ಗಂಗಾವತಿಯಲ್ಲಿ ಬಸ್ ಸ್ಟ್ಯಾಂಡಿನ ಹಿಂದೆ ಒಂದು ಕಂಪ್ಯೂಟರ್ ಸೆಂಟರ್ ಇತ್ತು. ಅದರ ಮಾಲೀಕರಿಗೆ ಇಂಟರ್ನೆಟ್ಟಿನಲ್ಲಿ ಎಲ್ಲಿಂದಲೋ ಒಂದು ಕೆಲಸ ಸಿಕ್ಕಿತ್ತು. ಯಾವುದೋ ಸಾಫ್ಟ್‌ವೇರನ್ನು ಹಾಡಿ ಹೊಗಳುವ ಒಂದು ಪುಟದ ಇಂಗ್ಲಿಷ್ ಬರಹ ಬರುತ್ತಿತ್ತು. ಅದರ ಅರ್ಥ ಅಲುಗದ ಹಾಗೆ ಶಬ್ದಗಳನ್ನಷ್ಟೇ ಬದಲಿಸಿ, ಒಂದನ್ನು ಹತ್ತು ಮಾಡಿ ವಾಪಸ್ ಕಳಿಸಬೇಕಿತ್ತು. ಬಿ.ಎ. ಮುಗಿಸಿ ಮನೆಯಲ್ಲಿದ್ದ ನನಗೆ ಅವರು ಆ ಕೆಲಸ ಕೊಟ್ಟರು. "ಇಷ್ಟ ನೋಡ್ರಿ ಮೇಡಂ, ಸೀರಿ ಅದ ಸೀರಿ, ಬ್ಲೌಸ್ ಅಷ್ಟ ಬ್ಯಾರೆ" ಎಂದರು.

ಕೇಳುವುದಕ್ಕೆ ಸಸಾರ. ಮಾಡಲು ಕೂತರೆ ಮೂರನೆಯ ಸಲಕ್ಕೇ ನನ್ನ ಇಂಗ್ಲಿಷ್ ತಳ ಕಾಣುತ್ತಿತ್ತು. ಕಂಪ್ಯೂಟರಿನಲ್ಲೇ ಒಂದು ಶಬ್ದದ ಮೇಲೆ ಒತ್ತಿದರೆ ಅದೇ ಅರ್ಥದ ಬೇರೆ ಶಬ್ದಗಳ ಪಟ್ಟಿ ಬಿಚ್ಚಿಕೊಳ್ಳುತ್ತಿತ್ತು. ನಾನು ಕೈಗೆ ಸಿಕ್ಕಿದ್ದನ್ನು ಎತ್ತಿ ಹಾಕುತ್ತಿದ್ದೆ. 'ಫ್ರೀ ಟ್ರಯಲ್' ಅಂತ ಇದ್ದದ್ದು ಒಂದು ಸಲ 'ಬಿಡುಗಡೆ ಹೊಂದಿದ ಕೋರ್ಟು ವಿಚಾರಣೆ' ಅನ್ನುವ ಅರ್ಥಕ್ಕೆ ಹೋಗಿ ನಿಂತಿತ್ತು. ಇನ್ನೊಂದು ಸಲ ಶಕ್ತಿಶಾಲಿ ಸಾಫ್ಟ್‌ವೇರ್ ಹೋಗಿ ಗಟ್ಟಿಮುಟ್ಟು ಮೈಕಟ್ಟಿನ ಸಾಫ್ಟ್‌ವೇರ್ ಆಗಿ, ಅದು ಕುಸ್ತಿಯ ಕಣಕ್ಕೆ ಇಳಿಯುವುದೊಂದು ಬಾಕಿ ಇತ್ತು. ಕಳಿಸಿದ್ದರಲ್ಲಿ ಅರ್ಧ ವಾಪಸ್ ಬರುತ್ತಿತ್ತು. ಎರಡು ಬರಹಗಳನ್ನು ಅಕ್ಕಪಕ್ಕ ಇಟ್ಟು ತಾಳೆ ನೋಡುವ ಯಂತ್ರವೊಂದು ಕೆಲಸ ಕಳಿಸುವವರ ಹತ್ತಿರ ಇತ್ತು. ಎರಡೂ ಒಂದೇ ಥರ ಕಂಡಲ್ಲೆಲ್ಲ ಅದು ಕೆಂಪು ಗೆರೆ ಎಳೆಯುತ್ತಿತ್ತು. ಕೆಂಪು ಗೆರೆ ಕಂಡ ಕೂಡಲೇ ನಾನು ಕೀಬೋರ್ಡನ್ನು ಕುಟ್ಟುತ್ತಿದ್ದೆ. ಪಾಪ, ಅದರ ತಪ್ಪೇನೂ ಇರಲಿಲ್ಲ.

ಈ ಕೆಲಸವನ್ನು ನಾನು ಮನೆಯಲ್ಲೇ ಮಾಡುತ್ತಿದ್ದೆ. ಅವ್ವ ಬೆಳಿಗ್ಗೆ ರೈಸ್ ಮಿಲ್ಲಿಗೆ ಹೋದರೆ ಬರುವುದು ಸಂಜೆಗೆ, ಅಪ್ಪನ ಹತ್ತಿರ ಒಬ್ಬರು ಇರಲೇಬೇಕಿತ್ತು. ಅದಕ್ಕೆ ಸೆಂಟರಿನವರು ಒಂದು ಹಳೆಯ ಕಂಪ್ಯೂಟರನ್ನು ನಮ್ಮ ಪಡಸಾಲೆಯಲ್ಲಿ ತಂದಿಟ್ಟಿದ್ದರು. ಒಂದು ಮೂಲೆಗೆ ಕಂಪ್ಯೂಟರ್, ಎದುರು ಮೂಲೆಗೆ ಅಪ್ಪನ ಮಂಚ. ಅಪ್ಪ ಗೋಡೆಯ ಕಡೆ ಮುಖ ಮಾಡಿ ಮಲಗಿರುತ್ತಿದ್ದ. ಹುಬ್ಬಳ್ಳಿಯ ದೊಡ್ಡ ದವಾಖಾನೆಯಲ್ಲಿ ಅವನ ಗಂಟಲಿಗೆ ಆಪರೇಶನ್ ಆಗಿ ನಾಲ್ಕು ತಿಂಗಳಾಗಿತ್ತು. ದನಿ ಹೊರಡುವ ಪೆಟ್ಟಿಗೆಯನ್ನೇ ತೆಗೆದುಹಾಕಿದ್ದರು. ಕುತ್ತಿಗೆಯ ಕೆಳಗೆ ಒಂದು ತೂತು, ಉಸಿರಾಟವೆಲ್ಲ ಅದರಿಂದಲೇ. ಅದರ ಮೇಲೆ ಅವ್ವ ತನ್ನ ಹಳೆಯ ಸೀರೆಯ ತೆಳುವಾದ ತುಂಡೊಂದನ್ನು ಕಟ್ಟುತ್ತಿದ್ದಳು. ಪಿಸುಮಾತು ಕೂಡ ಇನ್ನು ಹೊರಡುವುದಿಲ್ಲ ಎಂದು ಡಾಕ್ಟರು ಮೊದಲೇ ಹೇಳಿದ್ದರು.

ಬೇರೆ ಯಾರ ದನಿಯಾದರೂ ಹೋಗಿದ್ದರೆ ಮನೆಮಂದಿಗಷ್ಟೇ ಗೊತ್ತಾಗುತ್ತಿತ್ತು. ನಮ್ಮಪ್ಪನ ದನಿ ಹೋದದ್ದು ಮೂರು ತಾಲ್ಲೂಕಿಗೆ ಗೊತ್ತಾಯಿತು. ಅವನು ಮೈಕಿನವನು. ಆಟೊದ ನೆತ್ತಿಗೆ ಎರಡು ಸ್ಪೀಕರ್ ಕಟ್ಟಿ, ಓಣಿ ಓಣಿ ತಿರುಗಿ ಪ್ರಚಾರ ಮಾಡುವುದು ಅವನ ಕಸುಬು. ಸೀರೆ ಸೇಲ್, ಟೆಂಟ್ ಸಿನೆಮಾ, ಕಣ್ಣು ತಪಾಸಣೆಯ ಶಿಬಿರ, ನಳ ಬರದ ದಿನದ ಸುದ್ದಿ, ತಪ್ಪಿಸಿಕೊಂಡ ಎಮ್ಮೆ, ಹೀಗೆ ಯಾವುದಕ್ಕೂ ಅವನು ಒಲ್ಲೆ ಅಂದವನಲ್ಲ. ಬೇವೂರಿನ ಕಡೆಯ ಒಕ್ಕಲುತನದ ಮನೆಯಲ್ಲಿ ಹುಟ್ಟಿದವನು. ಹುಡುಗನಾಗಿದ್ದಾಗ ಜೋಳದ ಹೊಲದಲ್ಲಿ ಹಕ್ಕಿ ಓಡಿಸಲು ಕೂಗಿದರೆ ಮೂರು ಹೊಲದ ಹಕ್ಕಿ ಏಳುತ್ತಿದ್ದವಂತೆ. ಇದನ್ನು ಅವನೇ ಹೇಳಿದ್ದರಿಂದ ಒಂದು ಹೊಲ ಕಳೆದು ನಂಬಬೇಕು.

ರಾಯಚೂರಿನಿಂದ ಬೇರೆಯಾಗಿ ಕೊಪ್ಪಳ ಹೊಸ ಜಿಲ್ಲೆಯಾದ 1997ರಲ್ಲಿ ನನಗೆ ಹತ್ತು ವರ್ಷ. ಆ ಸುದ್ದಿ ಸಾರಲು ಹೊರಟಾಗ ಅಪ್ಪ ನನ್ನನ್ನೂ ಆಟೊದಲ್ಲಿ ಕೂರಿಸಿಕೊಂಡ. ನಮ್ಮ ಓಣಿಯಲ್ಲಿ ನಿಂತು, "ಕಚೇರಿ ಕೆಲಸಕ್ಕಂತ ರಾಯಚೂರತನ ಧೂಳ ತಿನಕೋತ ಹೋಗೂದು ಇವತ್ತಿಗೆ ಮುಗೀತ್ರಿ" ಎಂದ. ಎರಡು ತಿರುವು ದಾಟಿ ಮುಸಲ್ಮಾನರ ಓಣಿಗೆ ಬಂದಾಗ ದನಿಯನ್ನು ತುಸು ತಗ್ಗಿಸಿ, "ಅಬ್ ರಾಯಚೂರ್ ಜಾನೇಕಾ ಜರೂರತ್ ನೈ ಜೀ" ಎಂದು ಅದನ್ನೇ ಉರ್ದುವಿನಲ್ಲಿ ಹೇಳಿದ. ಕೆನಾಲ್ ದಾಟಿ, ಆಂಧ್ರದಿಂದ ಬಂದು ನೆಲೆಸಿದವರ ಕ್ಯಾಂಪಿನೊಳಗೆ ಹೋದಾಗ, "ಇಂಕ ರಾಯಚೂರು ಪೋನಕ್ಕರಲೇದಂಡಿ" ಎಂದು ತೆಲುಗಿಗೆ ಹೊರಳಿದ. ನಾನು ಬಾಯಿ ತೆರೆದು ನೋಡುತ್ತಿದ್ದೆ.

ಮಾತು ಅಂದರೆ ಬರೀ ಭಾಷೆಯಲ್ಲ ಅನ್ನುವುದು ಇನ್ನೊಂದು ಸಲ ಸೀರೆ ಸೇಲಿನ ಪ್ರಚಾರಕ್ಕೆ ಹೋದಾಗ ತಿಳಿಯಿತು. ಗಂಗಾವತಿಯ ಸುತ್ತ ನೀರಿನ ಸೀಮೆಯಲ್ಲಿ ಅಪ್ಪ, "ಕೆನಾಲಿನ್ಯಾಗ ನೂರು ಸಲ ಒಗೀರಿ, ಬಣ್ಣ ಹೋದ್ರ ನನ್ನ ಕೇಳ್ರಿ" ಅನ್ನುತ್ತಿದ್ದ. ಅದೇ ಸೀರೆಯನ್ನು ಹೊತ್ತು ಕುಷ್ಟಗಿಗೆ ಹೋದಾಗ, "ಒಂದ ಕೊಡಾ ನೀರಿನ್ಯಾಗ ಮಾಸಲು ಬಿಡತೈತಿ ನೋಡ್ರಿ ಯವ್ವಾ" ಅಂದ. ಯಲಬುರ್ಗಾದ ಸಂತೆಯಲ್ಲಿ ನೀರಿನ ಮಾತೇ ಎತ್ತಲಿಲ್ಲ, ಹೊಲದ ಕೆಲಸಕ್ಕೆ ಕಚ್ಚೆ ಹಾಕಿದರೂ ಸೆರಗು ಉಳಿಯುತ್ತದೆ ಅಂದ. "ಎಲ್ಲಾ ಕಡೆ ಒಂದ ಹೇಳಿದ್ರ ಆಗಂಗಿಲ್ಲೇನಪಾ?" ಎಂದು ಕೇಳಿದೆ. "ಸುದ್ದಿ ಒಂದ ಇರಬೇಕವ್ವ. ಮಾತು ಮಾತ್ರ ಆ ಓಣ್ಯಾಗ ಹುಟ್ಟಿ ಬೆಳದಂಗ ಇರಬೇಕು. ಇಲ್ಲಂದ್ರ ಮಂದಿ ಕಿವಿಗೆ ಬಾಗಲಾ ಹಾಕ್ಕೋತಾರ" ಎಂದ.

ಅಂಥ ಮನುಷ್ಯ ಗೋಡೆ ನೋಡುತ್ತ ಮಲಗಿದ್ದ. ಏನಾದರೂ ಬೇಕಾದರೆ ಬರೆದು ತೋರಿಸಲಿ ಎಂದು ದವಾಖಾನೆಯವರು ಒಂದು ಪಾಟಿ, ಬಳಪ ಕೊಟ್ಟು ಕಳಿಸಿದ್ದರು. ಅಪ್ಪ ಅದನ್ನು ಕಾಲಿನಿಂದ ಮಂಚದ ಕೆಳಗೆ ಸರಿಸಿಬಿಟ್ಟ. ನೀರು ಬೇಕಾದರೆ ಒಮ್ಮೆ ಚಪ್ಪಾಳೆ ತಟ್ಟುತ್ತಿದ್ದ, ಅಷ್ಟೇ. ಅವ್ವ ಒಂದು ದಿನ ಪಾಟಿಯನ್ನು ಅವನ ತೊಡೆಯ ಮೇಲಿಟ್ಟು, "ಎರಡ ಅಕ್ಷರ ಬರೀರಿ. ಸಾರಿಗೆ ಉಪ್ಪು ಕಮ್ಮಿ ಆಗೇತಿ ಅಂತಾದ್ರೂ ಬರೀರಿ" ಎಂದು ಕಣ್ಣೀರು ಹಾಕಿದಳು. ಅಪ್ಪ ಎದ್ದು ಹಿತ್ತಲಿಗೆ ಹೋದ. ಊಟ ದಿನದಿಂದ ದಿನಕ್ಕೆ ಕಮ್ಮಿಯಾಯಿತು, ಅರ್ಧ ರೊಟ್ಟಿಯೂ ಇಳಿಯುತ್ತಿರಲಿಲ್ಲ. ತೋರಿಸಲು ಹೋದಾಗ ಡಾಕ್ಟರು ನನ್ನನ್ನು ಪಕ್ಕಕ್ಕೆ ಕರೆದು, ಗಾಯ ಮಾಯ್ದಿದೆ, ಮನುಷ್ಯ ಮಾತ್ರ ಮಾಯುತ್ತಿಲ್ಲ, ಹೇಗಾದರೂ ಮಾಡಿ ಇವರನ್ನು ಎಬ್ಬಿಸಿ ಎಂದರು. ನನಗೆ ಇದ್ದ ಭಯವೂ ಅದೇ. ಅಪ್ಪ ಹೀಗೇ ಗೋಡೆ ನೋಡುತ್ತ ನೋಡುತ್ತ, ಒಂದು ಅಕ್ಷರವನ್ನೂ ನಮಗೆ ಬಿಡದೆ, ಕೈತಪ್ಪಿ ಹೋಗುತ್ತಾನೆ ಅನ್ನಿಸುತ್ತಿತ್ತು. ಆ ಭಯ ಸಿಟ್ಟಾಗಿ ತಿರುಗಿ ದಿನಾ ಕೀಬೋರ್ಡಿನ ಮೇಲೆ ಬೀಳುತ್ತಿತ್ತು.

ಒಂದು ಮಧ್ಯಾಹ್ನ ಕರೆಂಟ್ ಹೋಗಿತ್ತು. ಮಿಲ್ಲಿಗೆ ರಜೆ ಇದ್ದುದರಿಂದ ಅವ್ವ ಪಡಸಾಲೆಯಲ್ಲಿ ಜೋಳ ಹಸನು ಮಾಡುತ್ತಿದ್ದಳು. ನಾನು ನೋಟುಬುಕ್ಕಿನಲ್ಲಿ ಬರೆದುಕೊಂಡಿದ್ದ ಬರಹವನ್ನು ಮುಂದಿಟ್ಟುಕೊಂಡು ತಲೆ ಕೆರೆಯುತ್ತಿದ್ದೆ. ಅಕಸ್ಮಾತ್ ಅಳಿಸಿಹೋದ ಫೋಟೊಗಳನ್ನು ಕಂಪ್ಯೂಟರಿನಿಂದ ವಾಪಸ್ ಹುಡುಕಿ ಕೊಡುವ ಸಾಫ್ಟ್‌ವೇರ್ ಅದು. "ಒಂದ ಮಾತು ಹತ್ತು ಸಲ ಹತ್ತು ಥರ ಹೆಂಗ ಹೇಳಬೇಕವ್ವಾ, ನನ್ನ ಕೈಲೆ ಆಗಂಗಿಲ್ಲ" ಎಂದು ಪುಸ್ತಕ ಎಸೆದೆ. ಅವ್ವ ಮೊರದಿಂದ ತಲೆ ಎತ್ತದೆ, "ಅದನ್ನ ನನಗ್ಯಾಕ ಕೇಳ್ತಿ, ನಿಮ್ಮಪ್ಪನ್ನ ಕೇಳು. ಹತ್ತಲ್ಲ, ನೂರು ಥರ ಹೇಳಿ ನಮ್ಮ ಹೊಟ್ಟಿ ತುಂಬಿಸ್ಯಾರ" ಎಂದಳು. ನಾನು ಕೇಳಲಿಲ್ಲ. ಕೇಳಿದರೆ ಎದ್ದು ಹಿತ್ತಲಿಗೆ ಹೋದಾನು ಎಂದು ಹೆದರಿಕೆ. ಆದರೆ ಅವ್ವನಿಗೆ ಹೇಳುವ ನೆಪದಲ್ಲಿ ಆ ಬರಹದ ಅರ್ಥವನ್ನು ಕನ್ನಡದಲ್ಲಿ ಗಟ್ಟಿಯಾಗಿ ಓದಿದೆ.

ಸ್ವಲ್ಪ ಹೊತ್ತಿಗೆ ಒಂದು ಚಪ್ಪಾಳೆ ಕೇಳಿಸಿತು. ನೀರು ತಂದೆ. ಅಪ್ಪ ನೀರು ಬೇಡ ಎಂದು ಕೈ ಆಡಿಸಿ ನೆಲದ ಮೇಲೆ ಬಿದ್ದಿದ್ದ ನೋಟುಬುಕ್ಕನ್ನು ತೋರಿಸಿದ. ತೆಗೆದುಕೊಟ್ಟೆ. ಪೆನ್ಸಿಲ್ಲನ್ನೂ ಕೈಗಿಟ್ಟೆ. ಆಮೇಲೆ ನನ್ನ ಇಂಗ್ಲಿಷಿನ ಪಕ್ಕದ ಖಾಲಿ ಜಾಗದಲ್ಲಿ ದಪ್ಪ ಅಕ್ಷರದಲ್ಲಿ ಬರೆದ: "ಯಾವ ಓಣಿಗೆ?"

ನಾನು ಅದನ್ನು ಓದಿ ಅವ್ವನಿಗೆ ತೋರಿಸಿದೆ. ಅವ್ವನಿಗೆ ಓದಲು ಬರುವುದಿಲ್ಲ. ಬರಹ ಅಪ್ಪನದು ಅಂತ ತಿಳಿದದ್ದೇ ಸಾಕಾಯಿತು, ಸೆರಗಿನಿಂದ ಮುಖ ಮುಚ್ಚಿಕೊಂಡಳು. ಅಪ್ಪ ಮಾತ್ರ ನನ್ನ ಉತ್ತರಕ್ಕೆ ಕಾಯುತ್ತಿದ್ದ. ಯಾವ ಓಣಿಗೆ? ನನಗೆ ಗೊತ್ತಿರಲಿಲ್ಲ. ಕೇಳಿಕೊಂಡು ಬರ್ತೀನಪ್ಪಾ ಎಂದು ಚಪ್ಪಲಿ ಮೆಟ್ಟಿ ಸೆಂಟರಿಗೆ ಓಡಿದೆ.

ಸೆಂಟರಿನವರು ನಕ್ಕರು. ಅವರು ಒಳ್ಳೆಯವರೇ, ನಗು ಮಾತ್ರ ಚುಚ್ಚಿತು. "ಯಾರೂ ಓದಂಗಿಲ್ರಿ ಮೇಡಂ. ಮಂದಿಗೆ ಬರದದ್ದಲ್ಲ ಇದು, ಮಷೀನಿಗೆ ಬರದದ್ದು. ಇಂಟರ್ನೆಟ್ಟಿನ್ಯಾಗ ಹುಡುಕೋ ಮಷೀನ್ ಇರ್ತೈತಲ್ಲ, ಒಂದ ಸಾಫ್ಟ್‌ವೇರ್ ಬಗ್ಗೆ ಹತ್ತು ಕಡೆ ಹತ್ತು ಥರ ಬರದದ್ದು ಕಂಡ್ರ, ಓಹೋ ಇದು ಭಾಳ ದೊಡ್ಡದು ಅಂತ ತಿಳಕೊಂಡು ಮ್ಯಾಲೆ ತೋರಸ್ತೈತಿ. ಅಷ್ಟಕ್ಕ ಇದು" ಎಂದರು. ನಾನು ವಾಪಸ್ ಹೊರಟೆ. ಇಷ್ಟು ದಿನ ಮಾಡಿದ್ದೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗೆ ಆಗಿತ್ತು. ಅದರ ದುಃಖ ನನಗಿರಲಿಲ್ಲ. ನಾಲ್ಕು ತಿಂಗಳ ಮೇಲೆ ಮೊದಲ ಸಲ ಬಾಯಿ ತೆರೆದ ಮನುಷ್ಯನಿಗೆ, ನಿನ್ನ ಮಾತು ಕೇಳುವವರು ಯಾರೂ ಇಲ್ಲ ಎಂದು ಹೇಗೆ ಹೇಳಲಿ? ಮನೆ ಬರುವ ಹೊತ್ತಿಗೆ ನಾನು ಒಂದು ಊರನ್ನೇ ಕಟ್ಟಿದ್ದೆ.

"ಒಂದ ಓಣಿ ಅಲ್ಲಪಾ, ಹತ್ತು ಓಣಿ ಅದಾವ" ಎಂದೆ. ಫೋಟೊ ಸ್ಟುಡಿಯೊದವರ ಓಣಿ, ಮಾಸ್ತರರ ಓಣಿ, ಹೊಸದಾಗಿ ಮದುವೆಯಾದವರ ಓಣಿ, ಮಿಲ್ಲಿನ ಗುಮಾಸ್ತರ ಓಣಿ, ನರ್ಸಮ್ಮಗಳ ಓಣಿ, ಹೀಗೆ ಬಾಯಿಗೆ ಬಂದದ್ದನ್ನು ಹೇಳುತ್ತ ಹೋದೆ. ಅಪ್ಪ ತಲೆಯಾಡಿಸಿದ. ಮಂಚದಿಂದ ಕಾಲು ಕೆಳಗೆ ಬಿಟ್ಟು ಕೂತು, ನೋಟುಬುಕ್ಕನ್ನು ತೊಡೆಯ ಮೇಲಿಟ್ಟುಕೊಂಡ.

ಮಾತಾಡುತ್ತಿದ್ದ ಹಾಗೆಯೇ ಅವನು ಬರೆಯುತ್ತಿದ್ದ. ಸ್ಟುಡಿಯೊದವರಿಗೆ: "ಮದಿವಿ ಒಮ್ಮೆ ಆಗತೈತಿ. ಫೋಟೊ ಅಳಿಸಿತಂತ ಇನ್ನೊಮ್ಮೆ ತಾಳಿ ಕಟ್ಟಸಾಕ ಆಕ್ಕೈತೇನ್ರಿ? ಇದನ್ನ ಒಂದು ಕೈಯಾಗ ಇಟಗೋರಿ." ಮಾಸ್ತರರಿಗೆ: "ಪಾಟಿ ಮ್ಯಾಲಿಂದು ಒರಸಿದ್ರ ಹೋತು. ಕಂಪ್ಯೂಟರಿನ್ಯಾಗಿಂದು ಒರಸಿದ್ರೂ ಒಳಗ ಕುಂತಿರತೈತ್ರಿ ಗುರುಗಳ. ಕರದ್ರ ಬರತೈತಿ." ನಾನು ಅದನ್ನು ನನ್ನ ಮುರುಕು ಇಂಗ್ಲಿಷಿಗೆ ಇಳಿಸಿ ಕಳಿಸುತ್ತಿದ್ದೆ. ಇನ್ನೊಂದು ಸಲ ಕಂಪ್ಯೂಟರಿಗೆ ರೋಗ ತಗಲದ ಹಾಗೆ ಕಾಯುವ ಸಾಫ್ಟ್‌ವೇರಿನ ಬರಹ ಬಂತು. ಅದನ್ನು ಕುಷ್ಟಗಿಯ ತೋಟದವರಿಗೆ ಹೇಳಬೇಕು ಎಂದು ಅವನೇ ನಿರ್ಧರಿಸಿದ. "ದಾಳಿಂಬರಿ ತ್ವಾಟಕ್ಕ ಬೇಲಿ ಹಾಕೇನಿ, ಕಾವಲ ಯಾಕ ಅಂತೀರಿ. ಹಂದಿ ಬೇಲಿ ಮ್ಯಾಲೆ ಬರತೈತೇನು? ಕೆಳಗ ನುಗ್ಗತೈತಿ." ಆ ಹಂದಿಯನ್ನೂ ನಾನು ಇಂಗ್ಲಿಷಿನಲ್ಲಿ ನುಗ್ಗಿಸಿದೆ. ಯಂತ್ರ ಒಂದು ಕೆಂಪು ಗೆರೆಯನ್ನೂ ಎಳೆಯಲಿಲ್ಲ. ಅಂಥ ಮಾತನ್ನು ಅದು ಲೋಕದಲ್ಲಿ ಬೇರೆಲ್ಲೂ ಕಂಡಿರಲಿಲ್ಲ ಎಂದು ಕಾ​ಣುತ್ತದೆ. ಸೆಂಟರಿನವರು, "ಏನ್ ಮಾಡಾಕತ್ತೀರಿ ಮೇಡಂ, ಒಂದೂ ವಾಪಸ್ ಬರವಲ್ದು" ಎಂದು ಬೆರಗಾದರು.

ಆ ದಿನಗಳು ನನ್ನ ಬದುಕಿನ ಒಳ್ಳೆಯ ದಿನಗಳು. ಅಪ್ಪ ಮಂಚವನ್ನು ಗೋಡೆಯಿಂದ ಈಚೆ ಎಳೆಸಿದ. ಬೆಳಿಗ್ಗೆ ಗಡ್ಡ ಹೆರೆದುಕೊಂಡು, ಕುತ್ತಿಗೆಗೆ ಒಗೆದ ಬಟ್ಟೆ ಕಟ್ಟಿಸಿಕೊಂಡು, ಹಿಂದೆ ಆಟೊ ಹತ್ತುತ್ತಿದ್ದ ಹೊತ್ತಿಗೆ ಸರಿಯಾಗಿ ಬಂದು ಕೂರುತ್ತಿದ್ದ. ಅರ್ಧ ರೊಟ್ಟಿ ಹೋಗಿ ಒಂದಾಯಿತು, ಆಮೇಲೆ ಎರಡಾಯಿತು. ನಾನು ಬರೆದದ್ದರ ಅರ್ಥ ಹೇಳು ಎನ್ನುವಂತೆ ಬೆರಳಲ್ಲಿ ಕುಟ್ಟುತ್ತಿದ್ದ. ಹೇಳಿದರೆ, "ಇದು ಅರ್ಜಿ ಭಾಷಾ. ಕೇಳಿದ ಮಂದಿ ಓಡಿ ಹೋಗ್ತಾರ" ಎಂದು ಬರೆದು ಕೆಳಗೆ ಮೂರು ಗೆರೆ ಎಳೆಯುತ್ತಿದ್ದ. ನನಗೆ ಸಿಟ್ಟು ಬರುತ್ತಿತ್ತು. ನಾನು ಕೂಗಾಡುತ್ತಿದ್ದೆ, ಅವನು ಪೆನ್ಸಿಲ್ ಒತ್ತಿ ಒತ್ತಿ ಬರೆಯುತ್ತಿದ್ದ, ಹಾಳೆ ಹರಿಯುತ್ತಿತ್ತು. ಸಂಜೆ ಬಂದ ಅವ್ವ ಬಾಗಿಲಲ್ಲೇ ನಿಂತು, "ಒಬ್ಬರು ಕೈಲೆ ಜಗಳಾಡ್ತೀರಿ, ಒಬ್ಬರು ಬಾಯಿಲೆ. ಹೊರಗಿನವರಿಗೆ ನೀ ಒಬ್ಬಾಕಿನ ಒದರಿದಂಗ ಕೇಳತೈತಿ. ನಾಳೆ ನಿನ್ನ ನೋಡಾಕ ಯಾವ ಗಂಡೂ ಬರಂಗಿಲ್ಲ ನೋಡು" ಎನ್ನುತ್ತಿದ್ದಳು. ಅಪ್ಪನ ಭುಜ ನಗುವಿನಿಂದ ಕುಲುಕುತ್ತಿತ್ತು. ದನಿಯಿಲ್ಲದ ಆ ನಗುವನ್ನು ನಾನು ಎಷ್ಟು ಪ್ರೀತಿಸುತ್ತಿದ್ದೆ ಎಂದರೆ, ಕೆಲವು ಸಲ ಬೇಕೆಂತಲೇ ಜಗಳ ತೆಗೆಯುತ್ತಿದ್ದೆ.

ಒಂದೇ ಒಂದು ಮುಳ್ಳು ಇತ್ತು. ಹಿಂದೆ ಅಂಗಡಿಯವರು, ನಿಮ್ಮ ಮೈಕ್ ಕೇಳಿ ಇಷ್ಟು ಮಂದಿ ಬಂದಿದ್ದರು ಎಂದು ಅಪ್ಪನಿಗೆ ಹೇಳುತ್ತಿದ್ದರು. ಆ ರೂಢಿ ಬಿಟ್ಟಿರಲಿಲ್ಲ. "ಮಾಸ್ತರ್ರ ಓಣ್ಯಾಗ ಏನಂದ್ರು?" ಎಂದು ಬರೆದು ನನ್ನ ಮುಖ ನೋಡುತ್ತಿದ್ದ. "ಭಾಳ ಛಲೋ ಆಗೇತಿ ಅಂದ್ರಂತಪಾ" ಎನ್ನುತ್ತಿದ್ದೆ. ಅವನು ತೃಪ್ತಿಯಿಂದ ತಲೆಯಾಡಿಸುತ್ತಿದ್ದ. ನಾನು ಕಂಪ್ಯೂಟರಿನ ಕಡೆ ತಿರುಗಿ ಕೂರುತ್ತಿದ್ದೆ.

ಮಳೆಗಾಲ ಮುಗಿಯುವ ಹೊತ್ತಿಗೆ ಸೆಂಟರಿನವರು ಕರೆಸಿದರು. ಈ ಸಲ ಅವರು ನಗಲಿಲ್ಲ. "ಕೆಲಸ ಕಳಸೋರ ಹತ್ರ ಈಗ ಒಂದು ಸಾಫ್ಟ್‌ವೇರ್ ಬಂದೈತಂತ್ರಿ. ಒಂದು ಬರಹ ಒಳಗ ಹಾಕಿದ್ರ, ಶಬ್ದಾ ತಾನ ಬದಲಿ ಮಾಡಿ ನೂರು ಮಾಡಿ ಕೊಡತೈತಿ. ನಮ್ಮ ಕೆಲಸ ಇಲ್ಲಿಗೆ ಮುಗೀತ್ರಿ" ಎಂದರು. ಬೇರೆ ಕೆಲಸ ಬಂದರೆ ಹೇಳುತ್ತೇನೆ, ಕಂಪ್ಯೂಟರ್ ಅಲ್ಲಿಯವರೆಗೆ ನಿಮ್ಮ ಮನೆಯಲ್ಲೇ ಇರಲಿ ಎಂದೂ ಅಂದರು. ನಾನು ಅವರ ಮೇಲೆ ಹರಿಹಾಯ್ದೆ. ಅವರು ತಲೆ ತಗ್ಗಿಸಿ ಕೇಳಿಸಿಕೊಂಡರು. ಇವತ್ತಿಗೂ ಅದಕ್ಕೆ ನನಗೆ ನಾಚಿಕೆಯಿದೆ.

ಮನೆಗೆ ಬಂದರೆ ಅಪ್ಪ ಹೊಸ್ತಿಲ ಹತ್ತಿರ ನೋಟುಬುಕ್ಕು ಹಿಡಿದು ಕೂತಿದ್ದ. ಇವತ್ತು ಏನು ಬಂತು ಎನ್ನುವಂತೆ ಹುಬ್ಬು ಹಾರಿಸಿದ. ಹೇಳಬೇಕೆಂದುಕೊಂಡೇ ಬಂದಿದ್ದೆ. ಆದರೆ ಪಡಸಾಲೆಯ ಆ ಗೋಡೆ ಕಣ್ಣಿಗೆ ಬಿತ್ತು. ಅಪ್ಪ ತಲೆ ಇಡುತ್ತಿದ್ದ ಜಾಗದಲ್ಲಿ ಎಣ್ಣೆಯ ಕಲೆ ಹಾಗೇ ಇತ್ತು. "ಫೋಟೊ ವಾಪಸ್ ತರೋದು ಇನ್ನೊಂದು ಬಂದೈತಪಾ, ಬ್ಯಾರೆ ಕಂಪನಿದು" ಎಂದುಬಿಟ್ಟೆ. ಹಳೆಯ ಬರಹವನ್ನೇ ತೆಗೆದು, ಸಾಫ್ಟ್‌ವೇರಿನ ಹೆಸರೊಂದನ್ನು ಬದಲಿಸಿ ಓದಿ ಹೇಳಿದೆ. ಅಪ್ಪ ಒಂದು ಗಳಿಗೆ ನನ್ನನ್ನೇ ನೋಡಿದ. ಆಮೇಲೆ ಪೆನ್ಸಿಲ್ ಕೆತ್ತಿಕೊಂಡು ಬರೆಯತೊಡಗಿದ.

ಹೀಗೆ ಎರಡು ವಾರ ನಡೆಯಿತು. ಅವನು ಬರೆಯುವುದು, ನಾನು ಕಂಪ್ಯೂಟರಿನಲ್ಲಿ ಅದನ್ನು ಟೈಪು ಮಾಡುವುದು, ಕಳಿಸಿದೆ ಎಂದು ಸುಳ್ಳು ಹೇಳುವುದು. ಸುಳ್ಳನ್ನು ಸಾಕುವುದು ಬಲು ಕಷ್ಟ. ದಿನಾ ಮೇವು ಹಾಕಬೇಕು.

ಹದಿನೈದನೆಯ ದಿನವೋ ಏನೋ, ಬೆಳಿಗ್ಗೆ ಅಪ್ಪ ನಾನು ಓದುವ ಮೊದಲೇ ನೋಟುಬುಕ್ಕನ್ನು ನನ್ನ ಕೈಗಿಟ್ಟ. ಹೀಗೆ ಬರೆದಿದ್ದ: "ಮಾಲು ಹಳೇದು. ಹೆಸರು ಅಷ್ಟ ಬ್ಯಾರೆ ಹಚ್ಚೀದಿ. ಮೊದಲನೇ ದಿನಾನ ಗೊತ್ತಾಗೇತಿ. ಇಷ್ಟು ವರ್ಷ ಇದ ಕಸುಬು ಮಾಡೇನಿ, ನನಗ ಮಾಲು ತಿಳ್ಯಂಗಿಲ್ಲೇನು?"

ಅವನ ಕಾಲ ಹತ್ತಿರ ನೆಲದ ಮೇಲೆ ಕೂತೆ. ಕೆಲಸ ಹೋದದ್ದನ್ನು ಹೇಳಿದೆ. ಒಂದು ಸುಳ್ಳು ಬಿಚ್ಚಿದ ಮೇಲೆ ಇನ್ನೊಂದನ್ನು ಇಟ್ಟುಕೊಳ್ಳಲು ಮನಸ್ಸಾಗಲಿಲ್ಲ. "ಅಪ್ಪಾ, ಮೊದಲಿಂದಾನೂ ಯಾರೂ ಓದಿಲ್ಲಪಾ. ಅದನ್ನ ಮಷೀನ್ ಅಷ್ಟ ನೋಡತೈತಂತ. ಮಾಸ್ತರ್ರ ಓಣಿ, ಸ್ಟುಡಿಯೊ ಓಣಿ, ಎಲ್ಲಾ ನಾನ ಕಟ್ಟಿ ಹೇಳಿದ್ದು" ಎಂದೆ. ಹೇಳಿ ತಲೆ ಎತ್ತಲಿಲ್ಲ. ಅಪ್ಪ ಎದ್ದು ಮಂಚವನ್ನು ಗೋಡೆಗೆ ಸರಿಸುವ ಸಪ್ಪಳಕ್ಕೆ ಕಾಯುತ್ತಿದ್ದೆ.

ಸಪ್ಪಳವಾಗಲಿಲ್ಲ. ಪೆನ್ಸಿಲ್ಲಿನ ಸದ್ದು ಕೇಳಿಸಿತು. ಬಹಳ ಹೊತ್ತು ಬರೆದ. "ಬ್ಯಾಸಗಿ ಮಧ್ಯಾಹ್ನ ಕ್ಯಾಂಪಿನ್ಯಾಗ ಹೋದ್ರ ಒಂದು ಮನಶಾ ಇರತಿರಲಿಲ್ಲ. ಎಲ್ಲಾರೂ ಗದ್ದಿಗೆ ಹೋಗಿರತಿದ್ರು. ನಾಯಿ ಅಷ್ಟ ಎದ್ದು ನೋಡತಿತ್ತು. ಆದ್ರೂ ಪೂರಾ ಹೇಳಿ ಬರತಿದ್ದೆ. ಕೇಳೋರಿಲ್ಲಂತ ಗೊತ್ತಿದ್ದ ಹೇಳೋದು ನನಗೇನು ಹೊಸದಲ್ಲ."

"ಮತ್ತ ಮಾಲು ಹಳೇದಂತ ಗೊತ್ತಾದ ಮ್ಯಾಲೂ ಇಷ್ಟು ದಿನ ಯಾಕ ಬರದಿ?" ಎಂದು ಕೇಳಿದೆ.

"ನೀ ಎದರಿಗೆ ಕುಂತಿದ್ದಿ" ಎಂದು ಬರೆದ.

ನಾನು ಅತ್ತೆ. ಅವನು ಅಳಲು ಬಿಟ್ಟ. ಆಮೇಲೆ ಹಾಳೆ ತಿರುವಿ ಮತ್ತೆ ಬರೆದ. "ಊರಿಗೆಲ್ಲಾ ಭಾಳ ಮಾತಾಡಿದೆ. ಮನಿಗೆ ಬಂದ್ರ ಗಂಟಲಾ ನೋವು ಅಂತ ಸುಮ್ಮನ ಉಂಡು ಮಲಗತಿದ್ದೆ. ನಿನ್ನ ಒಂದು ಮಾತು ಕುಂತು ಕೇಳಿಲ್ಲ. ಇನ್ನ ಮಾಲು ಬ್ಯಾಡ. ನೀ ಏನರ ಹೇಳು, ನಾ ಕೇಳತೀನಿ."

ಒಂದು ಮಾತನ್ನು ಹತ್ತು ಥರ ತಿರುಗಿಸಿ ಹೇಳುವುದನ್ನು ಕಲಿತಿದ್ದ ನನಗೆ ಅವತ್ತು ಒಂದು ಥರದಲ್ಲೂ ಹೇಳಲು ಬರಲಿಲ್ಲ. ಅಪ್ಪ ಕಾಯುತ್ತಿದ್ದ, ಕಾಲು ಮಡಚಿ, ನೋಟುಬುಕ್ಕನ್ನು ಪಕ್ಕಕ್ಕಿಟ್ಟು. ಹೊರಗೆ ಯಾರೋ ಸೊಪ್ಪು ಮಾರುತ್ತ ಹೋದರು. ಕೊನೆಗೆ, ಯಾರಿಗೂ ಹೇಳದೆ ಉಳಿದಿದ್ದ ಒಂದು ಸಂಗತಿ ತಾನಾಗಿ ಬಾಯಿಗೆ ಬಂತು.

"ಅಪ್ಪಾ, ನಾ ಕಾಲೇಜಿಗೆ ಸೇರಿದ ಮೊದಲನೇ ವಾರ ನಿನ್ನ ಆಟೊ ಗೇಟಿನ ಮುಂದ ಬಂತು. ಮೈಕಿನ್ಯಾಗ ನೀ ಮಾತಾಡಾಕತ್ತಿದ್ದಿ. ನನ್ನ ಜೋಡಿ ಇದ್ದ ಹುಡುಗ್ಯಾರು ನಗಾಕತ್ತಿದ್ರು, ಯಾರದಿದು ಗಂಟಲು ಅಂತ. ನನಗೇನು ಗೊತ್ತು ಅಂದೆ. ಅಂದು ನಿನ್ನ ಆಟೊದ ಕಡೆ ಬೆನ್ನು ತಿರುಗಿಸಿ ನಿಂತೆ. ನಿನ್ನ ದನಿ ನನಗ ಗೊತ್ತಿಲ್ಲ ಅಂದುಬಿಟ್ಟೆನಪಾ" ಎಂದೆ. ಹೇಳುತ್ತ ಹೇಳುತ್ತ ಅವನ ಪಾದ ಹಿಡಿದುಕೊಂಡಿದ್ದೆ. "ಮುಂದ ಅಂಥದ್ದು ನಡೀಲಿಲ್ಲ. ನನ್ನ ಪುಣ್ಯಾಕ ಮರುದಿನದಿಂದ ಅಲ್ಲಿ ಬೋರ್ಡ್ ಹಾಕಿದ್ರೇನೋ, ಮೈಕ್ ಹಚ್ಚಬ್ಯಾಡ್ರಿ ಅಂತ. ಕಾಲೇಜಿನ ಹತ್ರ ಬಂದ್ರ ನೀನ ಬಂದ್ ಮಾಡಿ ಸುಮ್ಮನ ದಾಟಿ ಹೋಗತಿದ್ದಿ. ಐದು ವರ್ಷ ಹಂಗ ಉಳಕೊಂಡೆ."

ಅಪ್ಪ ಬಲಗೈಯನ್ನು ನನ್ನ ತಲೆಯ ಮೇಲಿಟ್ಟ. ಆಮೇಲೆ ಕೈ ತೆಗೆದು, ಪಕ್ಕದಲ್ಲಿದ್ದ ನೋಟುಬುಕ್ಕನ್ನು ಎತ್ತಿಕೊಂಡು ಒಂದೇ ಸಾಲು ಬರೆದು ನನ್ನ ಕಡೆ ತಿರುಗಿಸಿದ.

"ಬೋರ್ಡ್ ಇದ್ದದ್ದು ದವಾಖಾನಿ ಮುಂದ. ಕಾಲೇಜಿನ ಮುಂದ ಯಾವ ಬೋರ್ಡೂ ಇರಲಿಲ್ಲವ್ವ."